ಬೇಲಿ ಹಾಕಲು ಪೊಲೀಸ್ ರಕ್ಷಣೆ ಬೇಕಾದರೆ ಮೊದಲು ಇಂಜಂಕ್ಷನ್ (ಕೋರ್ಟಿನ ತಡೆಯಾಜ್ಞೆ)
ಕೇರಳದ ಕಾಸರಗೋಡು ಜಿಲ್ಲೆಯ ಪೆರ್ಲದ ಅಡಿಕೆ ತೋಟಕ್ಕೆ ಬೇಲಿ ಹಾಕಲು ಪಕ್ಕದವರು ಬಿಡುತ್ತಿಲ್ಲ, ಸ್ಟೇಷನ್‌ನಲ್ಲಿ ‘ಸಿವಿಲ್ ಕೇಸು’ ಅಂತ ವಾಪಸ್ ಕಳಿಸಿದರು ಅಂದಿರಲ್ಲ, ಬಹುಶಃ ನಿಮ್ಮ ಕೈಯಲ್ಲಿ ಕೋರ್ಟ್ ಆದೇಶ ಇಲ್ಲ. ಗಡಿ ಯಾರದು ಅಂತ ಪೊಲೀಸರು ತೀರ್ಮಾನಿಸುವ ಹಾಗಿಲ್ಲ. ನಮಗೂ ಇದೇ ಉತ್ತರ ಸಿಕ್ಕಿತ್ತು.

ಮೊದಲು ವಿಲೇಜ್ ಆಫೀಸಿನಲ್ಲಿ ಈ ವರ್ಷದ ತೆರಿಗೆ ಕಟ್ಟಿ ರಶೀದಿ ತೆಗೆದುಕೊಳ್ಳಿ, ಜೊತೆಗೆ ಪೊಸೆಷನ್ ಸರ್ಟಿಫಿಕೇಟ್ (ಜಾಗ ನಿಮ್ಮ ಸ್ವಾಧೀನದಲ್ಲಿದೆ ಎಂಬ ಪತ್ರ). ಗಡಿಕಲ್ಲು ಕಾಣೆಯಾಗಿದ್ದರೆ ತಾಲೂಕು ಸರ್ವೆಯರ್ ಅಳತೆಗೂ ಅರ್ಜಿ ಹಾಕಿ. ಆಮೇಲೆ ಜಾಗದ ಆಧಾರದ (ನೋಂದಣಿಯಾದ ಹಕ್ಕುಪತ್ರ, ಆಧಾರ್ ಕಾರ್ಡ್ ಅಲ್ಲ) ಪ್ರತಿ ಹಿಡಿದು ವಕೀಲರ ಮೂಲಕ ಮುನ್ಸಿಫ್ ಕೋರ್ಟ್‌ನಲ್ಲಿ (ಕೆಳಹಂತದ ಸಿವಿಲ್ ಕೋರ್ಟ್) ದಾವೆ ಹೂಡಿ, ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆದೇಶದಡಿ ತಾತ್ಕಾಲಿಕ ಇಂಜಂಕ್ಷನ್ ಕೇಳಿ, ಜಾಗ ನೋಡಿ ವರದಿ ಕೊಡಲು ಕೋರ್ಟ್ ಕಡೆಯಿಂದ ಕಮಿಷನರ್ ನೇಮಿಸಿ ಅಂತಲೂ ಕೇಳಿ, ಆ ವರದಿ ತುಂಬಾ ಉಪಯೋಗಕ್ಕೆ ಬರುತ್ತದೆ. ಇಂಜಂಕ್ಷನ್ ಸಿಕ್ಕಿದ ಮೇಲೂ ತಡೆದರೆ ಅದೇ ಕೋರ್ಟಿಗೆ ಅದೇ ಸಂಹಿತೆಯ 151ನೇ ಕಲಂನಡಿ ಪೊಲೀಸ್ ನೆರವು ಕೇಳಿ ಅರ್ಜಿ ಕೊಡಬಹುದು.

ನೇರ ಎರ್ನಾಕುಳಂಗೆ ಹೋಗಿ ಕೇರಳ ಹೈಕೋರ್ಟ್‌ನಲ್ಲಿ ರಿಟ್ (ಪೊಲೀಸರಿಗೆ ನೇರ ಆದೇಶ ಕೊಡಿ ಅಂತ ಕೇಳುವ ಅರ್ಜಿ) ಹಾಕಿ ಅಂತ ಯಾರಾದರೂ ಹೇಳಬಹುದು. ಹಕ್ಕಿನ ಬಗ್ಗೆಯೇ ತಕರಾರಿದ್ದರೆ ಸಾಮಾನ್ಯವಾಗಿ ಸಿವಿಲ್ ಕೋರ್ಟಿಗೇ ಹೋಗಿ ಅಂತಾರೆ, ಸುಮ್ನೆ ಖರ್ಚು.

ಹೊಡೆತ, ಬೆದರಿಕೆ ಇದ್ದರೆ ಅದು ಬೇರೆ ದೂರು. ಅದರಲ್ಲಿ ಗಡಿ ವಿಷಯ ಜಾಸ್ತಿ ಬರೆಯಬೇಡಿ. ದಿನ, ಹೊತ್ತು, ಏನಾಯಿತು ಅಷ್ಟೇ ಬರೆದು ಕೊಟ್ಟು ರಶೀದಿ ಕೇಳಿ ತೆಗೆದುಕೊಳ್ಳಿ.