ತಂತ್ರಜ್ಞಾನದಿಂದ ನಮ್ಮ ನೆನಪನ್ನೇ ಬದಲಾಯಿಸೋಕೆ ಆಗುತ್ತಾ?

ಆಗುತ್ತೆ. ತಲೆಗೆ ಚಿಪ್ ಹಾಕೋದೇನೂ ಬೇಡ, ಒಂದು ಫೋಟೋ ಸಾಕು.

2002ರಲ್ಲಿ ಮನಶ್ಶಾಸ್ತ್ರಜ್ಞೆ ಕಿಂಬರ್ಲಿ ವೇಡ್ ಮತ್ತು ಜೊತೆಗಾರರು 20 ಜನರಿಗೆ ಅವರದೇ ಬಾಲ್ಯದ ಫೋಟೋಗಳನ್ನು ತೋರಿಸಿದರು, ಅದರಲ್ಲಿ ಒಂದು ಮಾತ್ರ ಬಿಸಿಗಾಳಿ ಬಲೂನಿನಲ್ಲಿ ಕೂತಂತೆ ತಿದ್ದಿದ್ದು. ಬಲೂನ್ ಯಾರೂ ಹತ್ತಿರಲಿಲ್ಲ. ಆದ್ರೂ ಮೂರು ಸಲ ಮಾತಾಡಿಸುವಷ್ಟರಲ್ಲಿ ಅರ್ಧ ಜನಕ್ಕೆ ಅದು ಸ್ವಲ್ಪವೋ ಪೂರ್ತಿಯೋ 'ನೆನಪಾಯಿತು'! ನೆನಪು ವಿಡಿಯೋ ಅಲ್ಲ, ನೆನೆಸಿಕೊಂಡಾಗಲೆಲ್ಲ ಮಿದುಳು ಅದನ್ನು ಮತ್ತೆ ಕಟ್ಟುತ್ತೆ, ಆಗ ಹೊಸದೂ ಸೇರಿಕೊಳ್ಳುತ್ತೆ.

ನಮ್ಮ ಕೊಪ್ಪಳದಲ್ಲೇ ನೋಡಿ. ಗವಿಮಠದ ಜಾತ್ರೆಗೆ ಬಾರದ ಚಿಕ್ಕಪ್ಪನನ್ನು ತೇರಿನ ಮುಂದಿನ ಫೋಟೋಗೆ ಎಐ ಆ್ಯಪ್‌ನಲ್ಲಿ ಸೇರಿಸ್ತಾರೆ (ನೆರಳು ಮಾತ್ರ ಬೇರೆ ದಿಕ್ಕಿಗೆ ಬಿದ್ದಿರುತ್ತೆ), ಮುಂದೆ ಮಕ್ಕಳು "ಚಿಕ್ಕಪ್ಪ ಅವತ್ತು ಮಿರ್ಚಿ ಮಂಡಕ್ಕಿ ಕೊಡಿಸಿದ್ದ" ಅಂದ್ರೆ ಆಶ್ಚರ್ಯ ಏನಿಲ್ಲ.

ಮಿದುಳಿಗೇ ಕೈ ಹಾಕಿದ್ದೂ ಇದೆ. 2013ರಲ್ಲಿ ಅಮೆರಿಕದ ಎಂಐಟಿ ಸಂಸ್ಥೆಯ ವಿಜ್ಞಾನಿ ಸುಸುಮು ತೋನೆಗಾವಾ ಅವರ ತಂಡ ಇಲಿಗಳ ಕೆಲವು ನರಕೋಶಗಳನ್ನು ಬೆಳಕಿನಿಂದ ಕೆರಳಿಸಿ, ಯಾವತ್ತೂ ಶಾಕ್ ಹೊಡೆಯದ ಪೆಟ್ಟಿಗೆಗೂ ಅವು ಹೆದರುವ ಹಾಗೆ ಮಾಡಿತು. ಅದಕ್ಕೆ ನರಕೋಶ ಬೆಳಕಿಗೆ ಸ್ಪಂದಿಸುವಂತೆ ಮಾಡೋ ಜೀನ್ ಸೇರಿಸಬೇಕು, ತಲೆಯೊಳಗೆ ಬೆಳಕು ಸಾಗಿಸೋ ಫೈಬರ್ ತೂರಿಸಬೇಕು, ಹಾಗಾಗಿ ನಿಮಗೆ ಸದ್ಯಕ್ಕೆ ಆ ಭಯ ಬೇಡ. ಮೂಲ ಫೋಟೋ ಮಾತ್ರ ಡಿಲೀಟ್ ಮಾಡಬೇಡಿ.