ಯಥಾಸ್ಥಿತಿ ಅಂದರೆ ಯಾವ ಸ್ಥಿತಿ?

ತಿಪಟೂರು ಕಡೆಯ ಓದುಗರೊಬ್ಬರ ಪತ್ರ: "ತೆಂಗಿನ ತೋಟದ ವಿಚಾರವಾಗಿ ದೊಡ್ಡಪ್ಪನ ಮಗನ ಮೇಲೆ ದಾವೆ ಹಾಕಿದ್ದೆ. ಯಥಾಸ್ಥಿತಿ ಕಾಪಾಡಿ ಎಂದು ಕೋರ್ಟ್ ಆದೇಶ ಮಾಡಿತು. ಎರಡನೇ ಶನಿವಾರ ನೋಡಿಕೊಂಡು ಅವನು ಜೆಸಿಬಿ ತಂದು ಬೇಲಿಯನ್ನು ನಮ್ಮ ಕಡೆಗೆ ಸರಿಸಿದ. ಕಣ್ಣಾರೆ ಕಂಡಿದ್ದೇನೆ. ಆದರೂ ಆದೇಶ ಮುರಿದದ್ದು ಸಾಬೀತಾಗಿಲ್ಲ ಅಂತ ಮೂರು ವರ್ಷದ ಮೇಲೆ ನನ್ನ ಅರ್ಜಿ ವಜಾ ಆಯಿತು. ಕೋರ್ಟಿನ ಮಾತಿಗೆ ಕೋರ್ಟಿನಲ್ಲೇ ಬೆಲೆ ಇಲ್ಲವೇ?"

ಉತ್ತರ: ನಿಮ್ಮ ಸಿಟ್ಟು ಸುಳ್ಳಲ್ಲ ಸ್ವಾಮಿ. ಕೋರ್ಟಿಗೆ ರಜೆ ಇದ್ದಾಗಲೇ ಬೇಲಿಗಳಿಗೆ ಕಾಲು ಬರುವುದನ್ನು ನಾನೂ ನೋಡಿದ್ದೇನೆ. ಆದೇಶ ಮುರಿದವನನ್ನು ಸುಪ್ರೀಂ ಕೋರ್ಟ್ ಸುಮ್ನೆ ಬಿಡಬೇಕು ಅಂದಿಲ್ಲ. ಆದೇಶ ಕೊಟ್ಟ ಕೋರ್ಟಿಗೆ ಆ ದಾವೆ ನಡೆಸುವ ಅಧಿಕಾರವೇ ಇರಲಿಲ್ಲ ಅಂತ ಆಮೇಲೆ ತೀರ್ಮಾನವಾದರೂ, ಆದೇಶ ಜಾರಿಯಲ್ಲಿದ್ದಾಗ ಮುರಿದವನು ತಪ್ಪಿತಸ್ಥನೇ ಎಂದು 1997ರಲ್ಲೇ ಹೇಳಿದೆ.

ನಿಮ್ಮ ಪರವಾಗಿ ಇಷ್ಟು ಸಾಕು. ಈಗ ನನ್ನ ತಕರಾರು.

ನಿಮ್ಮ ಪತ್ರ ನಾಲ್ಕು ಪುಟ ಇತ್ತು, ಇಲ್ಲಿ ಕತ್ತರಿಸಿದ್ದೇನೆ. ದಾಯಾದಿ ಬೈದ ಬೈಗುಳ ಒಂದಕ್ಷರ ಬಿಡದೆ ಇದೆ. ಬೇಲಿ ಎಷ್ಟು ಅಡಿ ಸರಿಯಿತು ಅನ್ನುವುದು ಮಾತ್ರ ಎಲ್ಲೂ ಇಲ್ಲ! ಕಣ್ಣಾರೆ ಕಂಡೆ ಅನ್ನುತ್ತೀರಿ. ಕಣ್ಣಾರೆ ಕಂಡರೂ ಪರಾಂಬರಿಸಿ ನೋಡು ಎಂದು ನಮ್ಮ ಹಿರಿಯರೇ ಹೇಳಿದ್ದಾರೆ, ಅಲ್ವಾ? ನ್ಯಾಯಾಧೀಶರ ಮುಂದೆ ಇದ್ದದ್ದು 'ಯಥಾಸ್ಥಿತಿ' ಅನ್ನುವ ಒಂದು ಪದ. ಆ ದಿನ ಬೇಲಿ ಎಲ್ಲಿತ್ತು ಅಂತ ಯಾರೂ ಬರೆದಿಟ್ಟಿರಲಿಲ್ಲ. ಇದು ಬರೀ ಜಮೀನಿನ ಲೆಕ್ಕವೂ ಅಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 39ನೇ ಆರ್ಡರಿನ 2ಎ ರೂಲಿನಲ್ಲಿ ಆದೇಶ ಮುರಿದವನ ಆಸ್ತಿ ಜಪ್ತಿ ಮಾಡಬಹುದು, ಮೂರು ತಿಂಗಳವರೆಗೆ ಸಿವಿಲ್ ಜೈಲಿಗೂ ಕಳಿಸಬಹುದು. ಆದೇಶ ಅವನಿಗೆ ಗೊತ್ತಿತ್ತು, ಗೊತ್ತಿದ್ದೂ ಬೇಕಂತಲೇ ಮುರಿದ ಎಂದು ಗಟ್ಟಿಯಾಗಿ ತೋರಿಸದೆ ಮನುಷ್ಯನನ್ನು ಒಳಗೆ ಹಾಕಲು ಯಾವ ಜಡ್ಜ್ ಒಪ್ಪುತ್ತಾರೆ? ನಾಳೆ ಅದೇ ದಾಯಾದಿ ನಿಮ್ಮ ಮೇಲೆ ಇಂಥ ಅರ್ಜಿ ಹಾಕಿದರೆ ನೀವೂ ಇದೇ ಸಾಕ್ಷಿ ಕೇಳುತ್ತೀರಿ.

ಅಯೋಧ್ಯೆಯದೂ ಒಂದು ಜಾಗದ ತಕರಾರೇ. 1992ರ ಜುಲೈನಲ್ಲಿ ಅಲ್ಲಿ ಆದೇಶ ಮೀರಿ ಕಟ್ಟೆ ಎದ್ದಾಗ ಸುಪ್ರೀಂ ಕೋರ್ಟ್ ಪತ್ರಿಕೆಯ ಫೋಟೋ ನಂಬಿ ಕೂರಲಿಲ್ಲ. ಒಂದು ಸಮಿತಿಯಿಂದ ಸ್ಥಳ ಪರಿಶೀಲನೆ ಮಾಡಿಸಿತು. 1994ರಲ್ಲಿ, ಕಟ್ಟೆ ಎದ್ದಾಗ ಉತ್ತರ ಪ್ರದೇಶದ ಮುಖ್ಯಮಂತ್ರಿಯಾಗಿದ್ದ ಕಲ್ಯಾಣ್ ಸಿಂಗ್ ಅವರಿಗೆ ಒಂದು ದಿನ ಜೈಲು, 2000 ರೂಪಾಯಿ ದಂಡ ಆಯಿತು. (ನ್ಯಾಯಾಂಗ ನಿಂದನೆ ಕಾಯ್ದೆ 1971ರದ್ದು. ದಂಡದ ಮಿತಿ ಇವತ್ತಿಗೂ ಎರಡು ಸಾವಿರವೇ. ಈಗ ಅಷ್ಟು ದುಡ್ಡಿಗೆ ಜೆಸಿಬಿ ಎಷ್ಟು ಹೊತ್ತು ನಿಲ್ಲುತ್ತದೆ, ನಿಮ್ಮ ದಾಯಾದಿಗೆ ಚೆನ್ನಾಗಿ ಗೊತ್ತಿರಬೇಕು.)

ನಮ್ಮ ಮನೆಯದೇ ಕಥೆ ಕೇಳಿ. ತಾತನ ಕ್ರಯಪತ್ರದ ಚಕ್ಕುಬಂದಿಯಲ್ಲಿ, ಅಂದರೆ ನಾಲ್ಕು ದಿಕ್ಕಿನ ಗಡಿ ಬರೆದ ಕಡೆ, 'ಪಶ್ಚಿಮಕ್ಕೆ ಹುಣಸೆಮರ' ಅಂತಿತ್ತು. ಮರ ಕಡಿದು ಇಪ್ಪತ್ತು ವರ್ಷವಾದ ಮೇಲೆ ಜಗಳ ಶುರುವಾಯಿತು. ಬುಡ ಸಿಗುತ್ತದೇನೋ ಅಂತ ಗುದ್ದಲಿ ಹಿಡಿದು ಎರಡು ದಿನ ಅಗೆದವನು ನಾನೇ. ಸಿಕ್ಕಿದ್ದು ಒಂದು ಮುರುಕು ಲಾಳ. ಪಕ್ಕದವರು ಅದನ್ನೂ ತಮ್ಮ ಎತ್ತಿನದು ಅಂದರು.

ಜಾತಕಕ್ಕಾದರೆ ಗಳಿಗೆ ವಿಗಳಿಗೆ ಲೆಕ್ಕ ಹಾಕುತ್ತೇವೆ. ಪಾಲು ಮಾಡುವಾಗ 'ಆ ಬದುವಿನಿಂದ ಈಚೆಗೆ ನಿಂದು' ಅಂತ ಬಾಯಲ್ಲೇ ಮುಗಿಸುತ್ತೇವೆ. 2000ದ ಹೊತ್ತಿಗೆ ಭೂಮಿ ಯೋಜನೆ ಬಂದು ಪಹಣಿ ಕಂಪ್ಯೂಟರಿಗೆ ಹತ್ತಿತು. ಆದರೆ ಒಂದೇ ಪಹಣಿಯಲ್ಲಿ ಆರು ಹೆಸರು ಇರುವುದು ಇನ್ನೂ ಹೋಗಿಲ್ಲ. ಪೋಡಿ (ಅಳತೆ ಮಾಡಿ ಪಾಲು ಬೇರ್ಪಡಿಸುವುದು) ಆಗಿಲ್ಲ, ನಕ್ಷೆ ಇಲ್ಲ, ಸರ್ವೆ ಕಲ್ಲು ಯಾರದೋ ಬಟ್ಟೆ ಒಗೆಯುವ ಕಲ್ಲಾಗಿದೆ. ಇಷ್ಟೆಲ್ಲ ನಾವೇ ಮಾಡಿಕೊಂಡು ಆಮೇಲೆ ಕೋರ್ಟನ್ನು ಬೈಯುತ್ತೇವೆ.

ನಿಮ್ಮ ಅರ್ಜಿಗೆ ಮೇಲ್ಮನವಿಯ ದಾರಿ ಇದೆ, ಗಡುವು ಮೀರುವ ಮೊದಲು ವಕೀಲರನ್ನು ಕೇಳಿ. ಮೂಲ ದಾವೆ ಇನ್ನೂ ನಡೆಯುತ್ತಿದೆ ಅಂದಿದ್ದೀರಿ. ಹಾಗಾದರೆ ಕೋರ್ಟಿನ ಪರವಾಗಿ ಸ್ಥಳ ನೋಡಿ ವರದಿ ಕೊಡುವ ಕೋರ್ಟ್ ಕಮಿಷನರ್ ನೇಮಕಕ್ಕೆ ಅರ್ಜಿ ಹಾಕಿಸಿ, ಜೊತೆಗೆ ತಾಲ್ಲೂಕು ಸರ್ವೆಯರ್ ಬರಲಿ. ಕೇಳಿದ ಕೂಡಲೇ ಸಿಗುತ್ತದೆ ಅಂತಲ್ಲ, ಆದರೂ ಕೇಳಿ. ಮೊಬೈಲಿನ ಫೋಟೋ ಕೊಡುವುದಾದರೆ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಕಲಮಿನ ಪ್ರಮಾಣಪತ್ರ (ಫೋಟೋ ಯಾವ ಸಾಧನದ್ದು, ಹೇಗೆ ಬಂತು ಎಂದು ದೃಢೀಕರಿಸುವ ಪತ್ರ) ಲಗತ್ತಿಸುವುದನ್ನು ಮರೆಯಬೇಡಿ.

ಸರ್ವೆ ಮುಗಿದ ಮೇಲೆ ಇನ್ನೊಂದು ಪತ್ರ ಬರೆಯಿರಿ. ಅರ್ಧ ಪುಟ ಸಾಕು. ಅಡಿ, ಅಂಗುಲ, ದಿಕ್ಕು ಇರಲಿ, ಬೈಗುಳ ಬೇಡ. ಒಂದು ಸಾಲೂ ಕತ್ತರಿಸದೆ ಅಚ್ಚು ಹಾಕುತ್ತೇನೆ.

ಸಂ.