ಕಾಲ ತಿರುಗಿಸೋ ಯಂತ್ರಕ್ಕೆ ಒಂದು ಗಳಿಗೆ ಸಾಕು

ಅಕ್ಕಾ, ನಿಮ್ಮ ‘ಎರೆನಾಡು’ ಕಥೆ ಇಲ್ಲಿ ಹಾಕಿದಷ್ಟೂ ಓದಿದೆ. ನಾಯಕನ ಕೈಗೆ ಕಾಲವನ್ನು ಹಿಂದಕ್ಕೆ ತಿರುಗಿಸೋ ಕಾಲಚಕ್ರ ಕೊಟ್ಟ ಮೇಲೆ ಕಥೆ ಯಾಕೆ ಸಪ್ಪೆ ಆಯ್ತು ಅಂತ ಕೇಳಿದ್ದೀರಿ. ಅವನಿಗೆ ಏನೂ ನಷ್ಟ ಆಗ್ತಾ ಇಲ್ಲ, ಅದಕ್ಕೇ. ಬೆಳೆ ಕೆಟ್ಟರೆ ಚಕ್ರ ತಿರುಗಿಸುತ್ತಾನೆ, ಜಗಳ ಆದರೂ ತಿರುಗಿಸುತ್ತಾನೆ. ಮೇಲೆ ಒಬ್ಬರು ‘ಬಳಸಿದರೆ ಆಯುಷ್ಯ ಕಡಿಮೆಯಾಗೋ ಹಾಗೆ ಶಾಪ ಇಡಿ’ ಅಂದಿದ್ದಾರೆ. ನನಗೆ ಹಿಡಿಸಲಿಲ್ಲ. ಶಾಪಕ್ಕೆ ಲೆಕ್ಕ ಇರಲ್ಲ, ಬರೆಯುವವರಿಗೆ ಬೇಕಾದಾಗ ನೆನಪಾಗುತ್ತದೆ, ಬೇಡವಾದಾಗ ಮರೆತು ಹೋಗುತ್ತದೆ. ಲೆಕ್ಕ ಇರೋ ಯಂತ್ರ ಕೊಡಿ.

ಚಕ್ರ ತೆಗೆದು ಗಳಿಗೆ ಬಟ್ಟಲು ಇಡಿ ಅಂತ ನನ್ನ ಸಲಹೆ. ಇದು ನಿಜವಾಗಿ ಇದ್ದ ಗಡಿಯಾರ. ಸೂರ್ಯಸಿದ್ಧಾಂತ ಅನ್ನೋ ಹಳೆಯ ಖಗೋಳ ಗ್ರಂಥದಲ್ಲೇ ಇದರ ವಿವರ ಇದೆ: ತಾಮ್ರದ ಬಟ್ಟಲು, ತಳದಲ್ಲಿ ತೂತು, ತಿಳಿನೀರಿನ ಮೇಲೆ ಬಿಟ್ಟರೆ ಹಗಲು ರಾತ್ರಿ ಸೇರಿ 60 ಸಲ ಮುಳುಗಬೇಕು. ಅಂದರೆ ಒಂದು ಮುಳುಗಿಗೆ 24 ನಿಮಿಷ, ಅದೇ ಒಂದು ಗಳಿಗೆ. ಮದುವೆ ಮುಹೂರ್ತಕ್ಕೂ ಇದನ್ನೇ ಇಡುತ್ತಿದ್ದರು. ನಿಮ್ಮ ಲೋಕದಲ್ಲಿ ಈ ಬಟ್ಟಲು ಮುಳುಗಿದರೆ ಕಾಲ ಒಂದು ಗಳಿಗೆ ಹಿಂದಕ್ಕೆ ಹೋಗಲಿ, ಅಷ್ಟೇ. ನಿನ್ನೆಗೂ ಹೋಗಬಾರದು, ಹೋದ ವರ್ಷಕ್ಕೂ ಹೋಗಬಾರದು.

24 ನಿಮಿಷದಲ್ಲಿ ಏನಾಗುತ್ತದೆ ಅನ್ನಬೇಡಿ. ನಿಮ್ಮ ನಾಯಕ ಮೆಣಸಿನಕಾಯಿ ಬೆಳೆಯುವವನು, ನೀವು ಹಾವೇರಿ ಕಡೆಯವರು, ನಿಮಗೆ ನಾನು ಹೇಳಬೇಕಾ? ಕಣದ ತುಂಬ ಕಾಯಿ ಹರವಿದೆ, ಅಕಾಲದ ಮಳೆ ಬಂತು. ಒಮ್ಮೆ ತೋಯ್ದರೆ ಬಣ್ಣ ಹೋಯ್ತು, ಬೂಷ್ಟು ಹಿಡೀತು, ಪ್ಯಾಟಿಯಲ್ಲಿ ಕೇಳುವವರಿಲ್ಲ. ಅದೇ ಮಳೆಗೆ ಒಂದು ಗಳಿಗೆ ಮುಂಚೆ ಗೊತ್ತಾದರೆ ಮನೆಮಂದಿಯೆಲ್ಲ ಸೇರಿ ಕಾಯಿ ಗುಡ್ಡೆ ಮಾಡಿ ತಾಡಪತ್ರಿ ಎಳೆದು ನಾಲ್ಕು ಮೂಲೆಗೆ ಕಲ್ಲು ಇಡಬಹುದು. ಮಳೆ ನಿಲ್ಲಲ್ಲ, ಬಂದೇ ಬರುತ್ತದೆ. ಯಂತ್ರ ಮಳೆಯನ್ನೇ ಅಳಿಸಿ ಹಾಕೋದಕ್ಕಿಂತ ಇದು ಎಷ್ಟೋ ಚೆಂದ, ಓಡಾಟ ಇರುತ್ತದೆ.

ಇನ್ನು ಆ ಗಳಿಗೆ ಎಲ್ಲಿಂದ ಬಂತು? ಇದನ್ನು ಮಾತ್ರ ಬಿಡಬೇಡಿ. ನನ್ನ ತಲೆಗೆ ಬಂದಿದ್ದು ಇದು: ನಿಜವಾದ ಮಧ್ಯಾಹ್ನ ಊರಿಂದ ಊರಿಗೆ ಬೇರೆ. ನಮ್ಮ ಹುಬ್ಬಳ್ಳಿ ಸುಮಾರು 75.1 ಡಿಗ್ರಿ ರೇಖಾಂಶದಲ್ಲಿದೆ. ದೇಶದ ಗಡಿಯಾರ ನಡೆಯೋದು 82.5 ಡಿಗ್ರಿ ರೇಖಾಂಶದ ಲೆಕ್ಕಕ್ಕೆ. ಸೂರ್ಯ ಒಂದು ಡಿಗ್ರಿ ದಾಟೋಕೆ 4 ನಿಮಿಷ ಬೇಕು. ಹಾಗಾಗಿ ಇಲ್ಲಿ ಸೂರ್ಯ ಮಧ್ಯಾಹ್ನದ ನೆತ್ತಿಗೆ ಬರೋದು ಸರಾಸರಿ ಹನ್ನೆರಡೂವರೆಗೆ. ಗದಗದಲ್ಲಿ ಅದು ನಮಗಿಂತ ಸುಮಾರು ಎರಡು ನಿಮಿಷ ಮುಂಚೆ, ನಿಮ್ಮ ಹಾವೇರಿಯಲ್ಲಿ ಸುಮಾರು ಒಂದು ನಿಮಿಷ ಮುಂಚೆ. 1906ರಲ್ಲಿ ಇಡೀ ದೇಶಕ್ಕೆ ಒಂದೇ ಸಮಯ ಅಂತ ಬರೋ ಮೊದಲು ಮುಂಬೈ ಸಮಯ ಬೇರೆ, ಮದ್ರಾಸ್ ಸಮಯ ಬೇರೆ ಇತ್ತು. ಎರಡರ ನಡುವೆ ಅರ್ಧ ಗಂಟೆ ಅಂತರ. ಆಗ ಧಾರವಾಡ ಜಿಲ್ಲೆ ಇದ್ದದ್ದು ಮುಂಬೈ ಪ್ರಾಂತದಲ್ಲಿ, ರೈಲು ಓಡುತ್ತಿದ್ದದ್ದು ಮದ್ರಾಸ್ ಸಮಯಕ್ಕೆ!

ಎರೆನಾಡಿನಲ್ಲೂ ಊರಿಗೊಂದು ಮಧ್ಯಾಹ್ನ ಇರಲಿ. ಬಟ್ಟಲು ಹೊಸ ಕಾಲ ಹುಟ್ಟಿಸಲ್ಲ, ಮೂಡಣ ದಿಕ್ಕಿನ ಪಕ್ಕದ ಊರಿಂದ ಒಂದು ಗಳಿಗೆ ಎತ್ತಿಕೊಂಡು ಬರುತ್ತದೆ. ಇವನು ಕಾಯಿ ಉಳಿಸಿಕೊಂಡ. ಅಲ್ಲಿ ಒಬ್ಬಾಕೆ ಹೆಂಚಿನ ಮೇಲೆ ರೊಟ್ಟಿ ಹಾಕಿ ನೀರು ಸವರೋಕೆ ಬಟ್ಟೆ ಎತ್ತುತ್ತಾಳೆ, ಕಣ್ಣು ಮಿಟುಕಿಸುವಷ್ಟರಲ್ಲಿ ರೊಟ್ಟಿ ಕರ್ರಗೆ ಸುಟ್ಟಿರುತ್ತದೆ, ತೊಟ್ಟಿಲಲ್ಲಿ ಮಲಗಿದ್ದ ಕೂಸು ಯಾವಾಗಿಂದಲೋ ಅಳುತ್ತಾ ಇರುತ್ತದೆ. ಆಕೆಗೆ ಏನಾಯ್ತು ಅಂತಲೇ ಗೊತ್ತಾಗಲ್ಲ. ಮೊದಲು ದೆವ್ವ ಅಂತಾರೆ, ಆಮೇಲೆ ಯಾರೋ ಲೆಕ್ಕ ಹಾಕುತ್ತಾರೆ. ಜಗಳ ಅಲ್ಲಿಂದ ಶುರು. ಆ ಊರಲ್ಲೂ ಒಂದು ಬಟ್ಟಲು ಇದ್ದರೆ?

ಮೋಸಕ್ಕೂ ಜಾಗ ಇದೆ. ನೀರಲ್ಲಿ ಕಸ ಇದ್ದರೆ ತೂತು ಕಟ್ಟಿಕೊಂಡು ಬಟ್ಟಲು ನಿಧಾನ ಮುಳುಗುತ್ತದೆ. ಭಾಸ್ಕರಾಚಾರ್ಯರ ಮಗಳ ಮದುವೆಯಲ್ಲಿ ಮುತ್ತು ಬಿದ್ದು ತೂತು ಮುಚ್ಚಿ ಮುಹೂರ್ತ ತಪ್ಪಿತು ಅನ್ನೋ ದಂತಕಥೆ ಕೇಳಿರುತ್ತೀರಿ. ನಿಮ್ಮ ಖಳನಿಗೆ ಮುತ್ತು ಬೇಡ, ಸಾಸಿವೆ ಕಾಳಷ್ಟು ಮೇಣ ಸಾಕು. ತೂತು ಸಣ್ಣದಿದ್ದಷ್ಟೂ ನೀರಿನ ಬಿಸಿಯ ಪರಿಣಾಮ ಜಾಸ್ತಿ. ಬೇಸಿಗೆಯ ಬೆಚ್ಚನೆ ನೀರು ತೆಳುವಾಗಿ ಬೇಗ ನುಗ್ಗುತ್ತದೆ. ಹಾಗಾಗಿ ಎರೆನಾಡಿನ ಬೇಸಿಗೆ ಗಳಿಗೆ ಚಳಿಗಾಲದ್ದಕ್ಕಿಂತ ಒಂದು ಚೂರು ಗಿಡ್ಡ ಅಂತ ಬರೆಯಬಹುದು.

ಬರೆಯೋ ಮೊದಲು ಮನೆಯಲ್ಲಿ ಒಮ್ಮೆ ಮಾಡಿ ನೋಡಿ. ತೆಳುವಾದ ಸ್ಟೀಲ್ ಬಟ್ಟಲಿಗೆ ಸಣ್ಣ ಮೊಳೆಯಿಂದ ನಟ್ಟನಡುವೆ ತೂತು ಹಾಕಿ ಬಕೆಟ್ ನೀರಲ್ಲಿ ತೇಲಿಬಿಡಿ, ಮೊಬೈಲಿನಲ್ಲಿ ಸಮಯ ಹಿಡಿಯಿರಿ. ಬೇಗ ಮುಳುಗಿದರೆ ತೂತು ದೊಡ್ಡದಾಯ್ತು, ಇನ್ನೊಂದು ಬಟ್ಟಲು ತಗೊಳ್ಳಿ. ವಾಲಿದರೆ ಬಟ್ಟಲಿನ ತೂಕ ಎಲ್ಲಾ ಕಡೆ ಸಮ ಇಲ್ಲ ಅಂತ ಅರ್ಥ. ಮೊದಲು ನೀರು ದಾರದಷ್ಟು ತೆಳ್ಳಗೆ ಏಳುತ್ತದೆ, ಬಹಳ ಹೊತ್ತು ಏನೂ ಆಗಲ್ಲ, ಬೇಜಾರು ಬರುತ್ತದೆ. ಅಂಚು ನೀರಿನ ಮಟ್ಟಕ್ಕೆ ಬಂದ ಕೂಡಲೇ ಗುಳುಂ ಅಂತ ಒಳಗೆ. ಆ ಬೇಜಾರೂ ಕಥೆಗೆ ಬೇಕು, ಯಾಕೆಂದರೆ ಅದನ್ನು ಯಾರಾದರೂ ಕೂತು ಕಾಯಲೇಬೇಕು. ಅವನು ತೂಕಡಿಸಿದರೆ ಕೆಲಸ ಕೆಟ್ಟಿತು. ಕಾಯುವವನು ನಾಯಕ ಆಗದೇ ಇರಲಿ, ಕೂಲಿಯವನಾಗಲಿ, ಕೂಲಿ ಎಷ್ಟು ಅಂತಲೂ ಬರೆಯಿರಿ. ಮುಂದಿನ ಕಂತು ಹಾಕಿದಾಗ ನನ್ನ ಹೆಸರು ಟ್ಯಾಗ್ ಮಾಡ್ರಿ, ಓದ್ತೀನಿ.